ಹಗ್ಗಕ್ಕೆ ಕೈ ಹಾಕಿದವರು

ಪಾರಂಪಳ್ಳಿ, ಸಾಲಿಗ್ರಾಮ
28-11-1947, ಶುಕ್ರವಾರ

ಮುಂಬಯಿಯಲ್ಲಿರುವ ನಮ್ಮ ಮನೆಯವರಿಗೆ ಪದ್ಮಾಕ್ಷಿ ಮಾಡುವ ನಮಸ್ಕಾರಗಳು.

ಮೈ ಹೇಗಿದೆ? ಊರು ಬದಲಾದ ಕೂಡಲೇ ಗಂಟಲು ಹಿಡಿಯುವುದು ನಿಮ್ಮ ಹಳೇ ಚಾಳಿ. ಕಾಳುಮೆಣಸು, ಒಣಶುಂಠಿ ಕುಟ್ಟಿ ಕಟ್ಟಿಕೊಟ್ಟ ಪೊಟ್ಟಣ ಟ್ರಂಕಿನ ಮೂಲೆಯಲ್ಲಿದೆ, ಇನ್ನೂ ಅಲ್ಲೇ ಇರುತ್ತದೆಂದು ನನಗೆ ಗೊತ್ತು. ತೆಗೆದು ಕಷಾಯ ಮಾಡಿ ಕುಡಿಯಿರಿ. ಇಲ್ಲಿ ಅತ್ತೆಯವರ ಮಂಡಿನೋವು ಇದ್ದ ಹಾಗೇ ಇದೆ, ಬಾಯಿ ಮಾತ್ರ ಬಹಳ ಆರೋಗ್ಯವಾಗಿದೆ. ಬೈಂದೂರಿನಿಂದ ಅಪ್ಪಯ್ಯ ಬಂದಿದ್ದರು. ಅಳಿಯಂದಿರು ಮುಂಬಯಿಗೆ ಹೋದರು ಎಂದಾಗ ಮುಖ ಅರಳಿತು, ಯಾವ ಹೋಟೆಲಿನ ಕೆಲಸಕ್ಕೆ ಎಂದು ಕೇಳಿದರು. ಹೋಟೆಲಿಗಲ್ಲ, ಚಿತ್ರದ ಪ್ರದರ್ಶನಕ್ಕೆ ಎಂದೆ. ಎಲೆಯಡಿಕೆ ತಟ್ಟೆ ಎಳೆದು ಕವಳ ಹಾಕಿಕೊಂಡು ಕೂತರು. ದನ ಹಾಲು ಕೊಡುತ್ತಿದೆ. ಕರು ಮಾತ್ರ ದಿನಕ್ಕೊಮ್ಮೆ ಅಡುಗೆಮನೆಗೆ ಬಂದು ಅಕ್ಕಿ ಮರಿಗೆಗೆ ಬಾಯಿ ಹಾಕುತ್ತದೆ. ಬಾರದೆ ಏನು ಮಾಡೀತು? ಹಟ್ಟಿಗೆ ಬಾಗಿಲೇ ಇಲ್ಲವಲ್ಲ! ಅಜ್ಜಯ್ಯನ ಕಾಲದ ಹಲಸಿನ ಬಾಗಿಲನ್ನು ಕಳಚಿ ಚಿತ್ರ ಕೆತ್ತಿದ ಮಹಾಶಯರು ನೀವು. ಆ ಜಾಗಕ್ಕೆ ತೆಂಗಿನ ಮಡಲು ಕಟ್ಟಿದ್ದೇನೆ. ಕರುವಿಗೆ ಅದೂ ತಿನ್ನುವ ವಸ್ತುವೇ.

ನಿಮ್ಮ ಕಾಗದ ಕಳೆದ ವಾರ ಕೈಸೇರಿತು. ಹಂಗಾರಕಟ್ಟೆ ಬಂದರಿನಿಂದ ಮಂಜಯ್ಯನ ಹೆಂಚು ಸಾಗಿಸುವ ಹಾಯಿಹಡಗು, ಆ ಮಂಜಿ, ಈ ತಿಂಗಳ ಕೊನೆಗೆ ಮುಂಬಯಿಗೆ ಹೊರಡುತ್ತದೆ, ಕೆತ್ತಿದ ಬಾಗಿಲನ್ನು ಗೋಣಿಯಲ್ಲಿ ಸುತ್ತಿ ಅದರಲ್ಲಿ ಕಳಿಸು, ಇಲ್ಲಿ ಅಚ್ಚು ತೆಗೆಯಲು ದೊಡ್ಡ ಕಾಗದ ಸಿಕ್ಕಿದೆ, ಪ್ರದರ್ಶನ ಡಿಸೆಂಬರ್ ಕೊನೆಗೆ, ಈ ಒಂದು ಚಿತ್ರ ಬಾರದಿದ್ದರೆ ನಾನು ಬಂದದ್ದೇ ದಂಡ ಎಂದು ಬರೆದಿದ್ದೀರಿ. ಓದಿದವರು ಮಿಡಿ ಉಪ್ಪಿನಕಾಯಿಯ ಭರಣಿ ಕಳಿಸಲು ಹೇಳಿದ್ದಾರೆ ಎಂದುಕೊಳ್ಳಬೇಕು, ಅಷ್ಟು ಸಲೀಸು. ನನ್ನ ಆರೋಗ್ಯದ ಬಗ್ಗೆ ಅರ್ಧ ಸಾಲು, ಬಾಗಿಲಿನ ಬಗ್ಗೆ ಎರಡು ಪುಟ! ಇರಲಿ. ನೀವು ಬಸ್ಸು ಹತ್ತಿದ ಮೇಲೆ ಇಲ್ಲಿ ಏನಾಯಿತು ಎಂಬುದು ನಿಮಗೆ ಗೊತ್ತಿಲ್ಲ. ಗೊತ್ತಾಗಲಿ ಎಂದೇ ಇಷ್ಟುದ್ದ ಬರೆಯುತ್ತಿದ್ದೇನೆ. ಕಾಗದದ ಬದಿಯಲ್ಲೂ ಬರೆಯುತ್ತೇನೆ, ತಿರುಗಿಸಿ ಓದಿಕೊಳ್ಳಿ.

ಎಲ್ಲದಕ್ಕೂ ಮೂಲ ನಿಮ್ಮ ಆ ಪಂಚೆ. ಹೊರಡುವ ಹಿಂದಿನ ದಿನ ಕಡಲ ಕರೆಯಲ್ಲಿ ಬಲೆಯವರ ಮುಖಂಡ ಚೆನ್ನಯ್ಯ ತಾಂಡೇಲನ ಬಲೆಚಪ್ಪರದಲ್ಲಿ ಬಾಗಿಲಿಗೆ ಮಸಿ ಬಳಿದು, ಅದರ ಮೇಲೆ ಮದುವೆಯ ಬಿಳಿ ಪಂಚೆ ಹಾಸಿ, ನನ್ನ ಕೈಲಿ ಮರದ ಸೌಟಿನ ಬೆನ್ನಿನಿಂದ ತಿಕ್ಕಿಸಿ ಅಚ್ಚು ತೆಗೆದಿರಲ್ಲ, ಆ ಪಂಚೆಯನ್ನು ಚಪ್ಪರದ ಕಂಬಕ್ಕೆ ಕಟ್ಟಿ, ಬಾಗಿಲನ್ನೂ ಅಲ್ಲೇ ಬಿಟ್ಟು ಬಂದಿರಿ. ನೋಡಿಕೊಳ್ಳಲಿ, ಬಲೆ ಎಳೆಯುವವರ ಚಿತ್ರ ಬಲೆ ಎಳೆಯುವವರೇ ನೋಡಬೇಕು ಎಂದು ದೊಡ್ಡ ಮನಸ್ಸು ಮಾಡಿದಿರಿ. ಮಾರನೇ ಬೆಳಿಗ್ಗೆ ಕುಂದಾಪುರದ ಬಸ್ಸು ಹತ್ತಿದಿರಿ. ನೋಡಿಕೊಂಡರು. ಚೆನ್ನಾಗಿಯೇ ನೋಡಿಕೊಂಡರು. ಮಧ್ಯಾಹ್ನದ ಹೊತ್ತಿಗೆ ನಮ್ಮ ಅಂಗಳದಲ್ಲಿ ಅರ್ಧ ಕೇರಿ ನಿಂತಿತ್ತು.

ಮೊದಲು ಬಂದವನು ಬಲೆ ಎಳೆಯುವ ಬೊಚ್ಚುಬಾಯಿ ಗುಡ್ಡ. "ಹ್ವಾಯ್ ಅಮ್ಮಾ, ಅದ್ರಗೆ ನಾ ಎಲ್ಲಿದ್ದೆ? ನಾನೆಂತ ಸತ್ತ್ ಹೋಯಿದ್ನಾ?" ಎಂದ. ತಮಾಷೆ ಎಂದು ನಕ್ಕೆ. ಅವನು ನಗಲಿಲ್ಲ. ಕೇರಿಯೆಲ್ಲ ದಡದಲ್ಲಿ ನಿಂತು ರಾಂಪಣಿ ಬಲೆ ಎಳೆಯುವಾಗಿನ ಅವರ ನ್ಯಾಯ ನಿಮಗೆ ನನಗಿಂತ ಚೆನ್ನಾಗಿ ಗೊತ್ತಿರಬೇಕಿತ್ತು. ಹಗ್ಗಕ್ಕೆ ಕೈ ಹಾಕಿದವರಿಗೆಲ್ಲ ಮೀನಿನಲ್ಲಿ ಪಾಲು. ಗಟ್ಟಿ ಆಳು ಎಳೆದರೂ ಪಾಲು, ಮುದುಕಿ ಹಗ್ಗದ ಬಾಲದ ತುದಿ ಹಿಡಿದು ನಿಂತರೂ ಪಾಲು, ಬಸುರಿ ಕೈ ಹಾಕಿದರೆ ಈ ಕರೆಯಲ್ಲಿ ಎರಡು ಪಾಲು. ಯಾರನ್ನಾದರೂ ಸಾಲಿನಿಂದ ಬಿಟ್ಟರೆ ನೀನು ನಮ್ಮವನಲ್ಲ ಎಂದ ಹಾಗೆ. ಅಂಥ ಜನರ ಬಲೆಯ ಚಿತ್ರ ಬರೆದು ನೀವು ಅವರಲ್ಲಿ ಹದಿನಾರು ಜನರನ್ನು ಬಿಟ್ಟುಬಿಟ್ಟಿರಿ. ಗುಡ್ಡ ಇಲ್ಲ, ಜಲಜ ಇಲ್ಲ, ಜಲಜಳ ಸೊಸೆ ಸೀತು ಇಲ್ಲ. ಸೀತು ಈಗ ಎಂಟು ತಿಂಗಳ ಬಸುರಿ. ಬಲೆ ಎಳೆದಾಗಲೆಲ್ಲ ಎರಡು ಪಾಲು ತೆಗೆದುಕೊಳ್ಳುವವಳು ನಿಮ್ಮ ಬಾಗಿಲಿನಲ್ಲಿ ಒಂದು ಗೆರೆಗೂ ಲೆಕ್ಕಕ್ಕಿಲ್ಲ. ಕೊರಗ ಇದ್ದಾನೆ, ಆದರೆ ಅವನಿಗೂ ಸಿಟ್ಟೇ. ಅವನ ಎದುರಾಳಿ ಪಾಂಡುವನ್ನು ಅವನಿಗಿಂತ ಮುಂದೆ ನಿಲ್ಲಿಸಿದ್ದೀರಂತೆ.

ನಾನೂ ನಿಮ್ಮ ಪರವಾಗಿ ವಾದ ಮಾಡಿದೆ, ನಂಬಿ. ಎಲ್ಲರನ್ನೂ ತುಂಬಿದರೆ ಚಿತ್ರ ಸಂತೆಯಾಗುತ್ತದೆ, ಕಣ್ಣಿಗೆ ನಿಲ್ಲಲು ಖಾಲಿ ಜಾಗ ಬೇಕು, ಬಲಗಡೆ ಬಿಟ್ಟ ಆ ದೊಡ್ಡ ಕಪ್ಪು ಜಾಗ ಸಮುದ್ರದ ಭಾರವನ್ನು ತೋರಿಸುತ್ತದೆ ಎಂದು ನೀವು ನನಗೆ ಊಟದ ಹೊತ್ತಿನಲ್ಲಿ ಹೇಳಿದ್ದನ್ನೆಲ್ಲ ಗಿಳಿಪಾಠ ಒಪ್ಪಿಸಿದೆ. ಚೆನ್ನಯ್ಯ ಎಲ್ಲ ಕೇಳಿದ. ಆಮೇಲೆ ಒಂದೇ ಮಾತು: "ಅಷ್ಟ್ ಜಾಗ ಖಾಲಿ ಇದ್ದೂ ಬಿಟ್ಟದ್ದಾ?" ಇದಕ್ಕೆ ಉತ್ತರ ಕೊಡಬೇಕಾದವರು ನೀವು. ನೀವಿದ್ದಿದ್ದರೆ ಹೇಳುತ್ತಿದ್ದಿರೋ ಏನೋ. ನೀವು ಬಸ್ಸಿನಲ್ಲಿದ್ದಿರಿ. ಮಂಜಯ್ಯನ ಆಳು ಬಾಗಿಲು ತರಲು ಹೋದಾಗ ಬರಿಗೈಯಲ್ಲಿ ಕಳಿಸಿದರು. "ಎಲ್ಲರೂ ಅದ್ರಗೆ ಬಪ್ಪು ತನ್ಕ ಹಲ್ಗಿ ಕೊಡುಕಾತಿಲ್ಲೆ" ಎಂದನಂತೆ ಚೆನ್ನಯ್ಯ, ಎಲ್ಲರೂ ಚಿತ್ರದೊಳಗೆ ಬರುವ ತನಕ ಬಾಗಿಲು ಕೊಡನಂತೆ. ಬಾಗಿಲನ್ನು ಚಪ್ಪರದ ಒಳಗೆ ಬಲೆಗಳ ಅಡಿಯಲ್ಲಿಟ್ಟು ಮೇಲೆ ಮುದುಕರನ್ನು ಕೂರಿಸಿದ್ದರು.

ನನಗೆ ನಿಮ್ಮ ಮೇಲೆ ಬಂದ ಸಿಟ್ಟು ಅಷ್ಟಿಷ್ಟಲ್ಲ, ಹೇಳಿಯೇ ಬಿಡುತ್ತೇನೆ. ಕುಂದಾಪುರದ ಅಂಗಡಿಯವರು ಕ್ಯಾಲೆಂಡರಿಗೆ ಒಂದು ಲಕ್ಷ್ಮಿ ಬರೆದುಕೊಡಿ ಎಂದು ಮನೆಬಾಗಿಲಿಗೆ ಬಂದಾಗ, ದುಡಿಯುವವರ ಮುಖ ಬಿಟ್ಟು ಬೇರೇನೂ ಬರೆಯೆ ಎಂದು ಕಳಿಸಿದಿರಿ. ಬ್ರಹ್ಮಾವರದ ಶಾಲೆಯ ಡ್ರಾಯಿಂಗ್ ಮಾಸ್ತರಿಕೆ ಬಂದರೆ, ಹೂಕುಂಡ ಬರೆಸುವ ಕೆಲಸ ಎಂದು ಬಿಟ್ಟಿರಿ. ದೇವಸ್ಥಾನದ ಪೂಜೆಯ ಸರದಿ ತಮ್ಮನಿಗೆ ಕೊಟ್ಟಿರಿ. ಊರವರು, ಅರ್ಚಕ ಉರಾಳರ ಮಗ ದೇವರನ್ನು ಬಿಟ್ಟು ಮೀನು ಹಿಡಿದ ಎಂದು ನನ್ನೆದುರೇ ಆಡಿಕೊಂಡರು. ನಾನು ಒಂದು ದಿನ ಎದುರಾಡಿದೆನೇ? ಮಸಿ ಕಲಸಿದೆ, ಉಳಿ ಮಸೆದೆ, ಸೌಟು ತಿಕ್ಕಿ ತಿಕ್ಕಿ ಅಂಗೈಗೆ ಬೊಕ್ಕೆ ಬರಿಸಿಕೊಂಡೆ. ಇಷ್ಟೆಲ್ಲ ಮಾಡಿದ್ದು ದುಡಿಯುವವರ ಮುಖಕ್ಕಾಗಿ. ಕೊನೆಗೆ ನೋಡಿದರೆ ನಿಮಗೆ ಬೇಕಾದದ್ದು ಚೆಂದದ ಮುಖ, ಚೆಂದದ ರಟ್ಟೆ. ಹಲ್ಲಿಲ್ಲದ ಗುಡ್ಡ ಬೇಡ!

ಮಂಜಿ ಹೊರಡಲು ವಾರ ಉಳಿದಿತ್ತು. ಚೆನ್ನಯ್ಯನ ಹತ್ತಿರ ನಾನೇ ಮಾತಾಡುತ್ತೇನೆ ಎಂದು ಸೋಮವಾರ ಬೆಳಿಗ್ಗೆ ಅವರ ಕೇರಿಗೆ, ಪಡುಕರೆಯ ಕಡಲಿಗೆ ಹೋದೆ. ಹೋದ ಹೊತ್ತು ಎಂಥದ್ದು ಗೊತ್ತೇ, ಬಲೆ ಅರ್ಧ ಬಂದಿತ್ತು. ಬಂಗಡೆ ರಾಶಿ ಬಿದ್ದು ಬಲೆ ಕಲ್ಲಾಗಿತ್ತು. ಇಳಿತದ ನೀರು ಆಚೆ ಎಳೆಯುತ್ತಿತ್ತು, ಇವರು ಈಚೆ. ಚೆನ್ನಯ್ಯ ನನ್ನ ಕಡೆ ತಿರುಗಿಯೂ ನೋಡಲಿಲ್ಲ. ಮರಳಿನ ಮೇಲೆ ಕಾಲು ಜಾರಿ ಜಾರಿ ಸಾಲು ಮುಗ್ಗರಿಸುತ್ತಿತ್ತು. ವಾಸನೆ ತಡೆಯಲಾಗದೆ ಸೆರಗಿನಿಂದ ಬಾಯಿ ಮುಚ್ಚಿ ದೂರ ಹೋಗಿ ಕಾರಿಕೊಂಡು ಬಂದೆ. ಬಂದು ನಿಲ್ಲುವುದರೊಳಗೆ ಜಲಜ ಕೂಗಿದಳು: "ಹ್ವಾಯ್ ಅಮ್ಮಾ, ಕಾಣ್ತಾ ನಿಂತದ್ದ್ ಎಂತಕ್ಕೆ? ಕೈ ಹಾಕಿ!" ನಾನು ಯೋಚಿಸಲಿಲ್ಲ. ಯೋಚಿಸಿದ್ದರೆ ಹಾಕುತ್ತಿರಲಿಲ್ಲ. ಸೆರಗು ಸೊಂಟಕ್ಕೆ ಸಿಕ್ಕಿಸಿ, ಅವಳ ಹಿಂದೆ ಹಗ್ಗ ಹಿಡಿದೆ. ಹಗ್ಗ ಹೀಗಿರುತ್ತದೆಂದು ನೀವು ಒಮ್ಮೆಯೂ ಹೇಳಿಲ್ಲ. ಉಪ್ಪು ನೀರು ಕುಡಿದು ಅದು ಒಳ್ಳೇ ಗರಗಸ. ಎದುರಿನವಳ ಬೆನ್ನು ಬಿಟ್ಟರೆ ಏನೂ ಕಾಣುವುದಿಲ್ಲ. ಆ ಬೆನ್ನು ಹಿಂದೆ ಬಂದಾಗ ನಾವೂ ಹಿಂದೆ, ಅಷ್ಟೇ. ನೀವು ತಿಂಗಳುಗಟ್ಟಲೆ ಬಂಡೆಯ ಮೇಲೆ ಕೂತು ಬರೆದುಕೊಂಡಿರಲ್ಲ, ಒಂದು ದಿನವೂ ಕೆಳಗಿಳಿದು ಹಿಡಿದಿದ್ದಿರೇ?

ಬಲೆ ದಡಕ್ಕೆ ಬಂದ ಮೇಲೆ ಪಾಲು ಹಾಕಿದರು. ನನ್ನ ಮುಂದೆಯೂ ಜಲಜ ಬಂಗಡೆ ಇಟ್ಟಳು. ನೋಡಿ ನನ್ನ ಅವಸ್ಥೆ! ಉರಾಳರ ಮನೆಯ ಸೊಸೆ, ಕಾಲ ಬುಡದಲ್ಲಿ ಹೊಳೆಯುವ ಮೀನು. ಬೇಡ ಎಂದೆ. ಚೆನ್ನಯ್ಯನ ಹುಬ್ಬು ಗಂಟಾಯಿತು. "ಬೇಡ ಅಂದ್ರೆ ಆತಿಲ್ಲೆ ಅಮ್ಮಾ. ಕೈ ಹಾಕಿದ್ ಮೇಲೆ ಪಾಲೇ." ಹಾಗಾದರೆ ನನ್ನ ಪಾಲಿಗೆ ಆ ಬಾಗಿಲು ಕೊಡು ಎಂದೆ, ಜಾಣತನ ಮಾಡಿ. "ಪಾಲ್ ಬೇರೆ, ಹಲ್ಗಿ ಬೇರೆ" ಎಂದು ಎದ್ದೇ ಹೋದ. ಮೀನನ್ನು ಸೀತುವಿನ ಬುಟ್ಟಿಗೆ ಹಾಕಿಸಿದೆ. ಆದರೆ ಒಂದು ಮಾತು. ಬೇಡ ಎಂದೆನಾದರೂ, ನನ್ನ ಮುಂದೆ ಪಾಲು ಬಿದ್ದಾಗ ನನಗೆ ಆದ ಸಂತೋಷ ಇದೆಯಲ್ಲ, ಅದನ್ನು ಮುಚ್ಚಿಡಲಾರೆ. ನನ್ನನ್ನು ಬಿಟ್ಟು ಮುಂದಿನವರಿಗೆ ಹಾಕಿದ್ದರೆ, ಮೀನು ಮುಟ್ಟದ ನನಗೇ ಅಳು ಬರುತ್ತಿತ್ತು. ಗುಡ್ಡನ ಸಿಟ್ಟು ಏನೆಂದು ನನಗೆ ಆವಾಗ ತಿಳಿಯಿತು.

ಮನೆಗೆ ಬಂದರೆ ಅತ್ತೆಯವರು ತುಳಸಿಕಟ್ಟೆಯ ಹತ್ತಿರವೇ ತಡೆದರು. "ಮಡಿ ಮೈಲ್ಗಿ ಎಲ್ಲಾ ಕಡ್ಲಿಗ್ ಬಿಟ್ಟ್ ಬಂದ್ಯಾ ಹೆಣ್ಣೇ?" ಎಂದು ಬಾವಿಯಿಂದ ಕೊಡಪಾನಗಟ್ಟಲೆ ನೀರು ಸುರಿದುಕೊಳ್ಳಲು ಹೇಳಿದರು. ಅಂಗೈ ಸುಲಿದದ್ದನ್ನು ನೋಡಿ ಕೊನೆಗೆ ಅವರೇ ತೆಂಗಿನೆಣ್ಣೆ ಹಚ್ಚಿದರು, ಬೈಯುತ್ತಲೇ. ಮಲಗಿಕೊಂಡರೆ ಎದುರಿಗೆ ನಿಮ್ಮ ಗುರು, ಆ ಯುದ್ಧಕೈದಿ ಯೋಷ್ಕೊ ಕೊಟ್ಟ ಚಿತ್ರ. ಇಷ್ಟು ದಿನ ಗೋಡೆಯಲ್ಲಿದ್ದರೂ ನಾನದನ್ನು ಸರಿಯಾಗಿ ನೋಡಿರಲಿಲ್ಲ. ನಿಜ ಹೇಳಬೇಕೆಂದರೆ ಆ ಮನುಷ್ಯನ ಮೇಲೆ ನನಗೆ ಮೊದಲಿಂದಲೂ ಹೊಟ್ಟೆಕಿಚ್ಚು. ಯುದ್ಧದ ಕಾಲದಲ್ಲಿ ಬೆಂಗಳೂರಿನ ಕೈದಿಗಳ ಕ್ಯಾಂಪಿಗೆ ತರಕಾರಿ ಒದಗಿಸುವ ಲೆಕ್ಕ ಬರೆಯಲು ಹೋದ ನನ್ನ ಗಂಡನನ್ನು, ಉಳಿ ಹಿಡಿಯುವವನನ್ನಾಗಿ ಮಾಡಿ ಕಳಿಸಿದವನು ಅವನಲ್ಲವೇ?

ಎದ್ದು ಕಿಟಕಿಯ ಬೆಳಕಿಗೆ ಹಿಡಿದು ನೋಡಿದೆ. ನೀವು ಹೇಳಿದ ಕಥೆಯೆಲ್ಲ ನೆನಪಾಯಿತು. ಇಟೆಲಿಯ ಗಡಿಯಲ್ಲಿ, ಸಮುದ್ರದ ಮೇಲಿನ ಗುಡ್ಡದಲ್ಲಿ ಸ್ಲೊವೀನರೆಂಬ ಬೇರೆ ಭಾಷೆಯ ಜನರ ಸಣ್ಣ ಊರು ಅವನದು. ಶಾಲೆಯಲ್ಲಿ ತಾಯಿಭಾಷೆ ಆಡಿದರೆ ಪೆಟ್ಟು. ಹೆಸರನ್ನೂ ಬದಲಿಸಿ ಇಟೆಲಿಯದ್ದು ಮಾಡಿದರು. ತನ್ನದಲ್ಲದ ಸೈನ್ಯಕ್ಕೆ ಹಿಡಿದುಕೊಂಡು ಹೋಗಿ ಮರುಭೂಮಿಯಲ್ಲಿ ಬಿಟ್ಟರು, ಅಲ್ಲಿ ಇಂಗ್ಲಿಷರ ಕೈಗೆ ಸಿಕ್ಕಿ ಬೆಂಗಳೂರಿಗೆ ಬಂದ. ಕ್ಯಾಂಪಿನ ಅಧಿಕಾರಿಗಳು ಹೂವು, ಮೇರಿಯಮ್ಮ ಬರೆದುಕೊಡು ಎಂದರೆ ಬರೆಯದೆ, ಕಸ ಗುಡಿಸುವವರನ್ನೂ ನಿಮ್ಮ ತರಕಾರಿ ಗಾಡಿ ಎಳೆಯುವವರನ್ನೂ ಬರೆದ. ಛತ್ರಿಯ ಕಡ್ಡಿ ಮಸೆದು ಉಳಿ ಮಾಡಿ, ಚಹಾ ಪೆಟ್ಟಿಗೆಯ ಮುಚ್ಚಳದ ಮೇಲೆ ಕೆತ್ತಿದ ಚಿತ್ರ ಇದು. ಅವರ ಊರಿನಲ್ಲೂ ಗುಡ್ಡದ ಮೇಲೆ ಒಬ್ಬ ನಿಂತು ಮೀನು ಬಂತೆಂದು ಕೂಗುತ್ತಾನೆ, ಇಡೀ ಊರು ಇಳಿದು ಬಲೆ ಎಳೆಯುತ್ತದೆ ಎಂದು ನೀವು ಹೇಳಿದಾಗ ನಾನು ನಂಬಿರಲಿಲ್ಲ. ಚಿತ್ರದಲ್ಲಿ ಎಲ್ಲ ಇದ್ದಾರೆ. ಹಗ್ಗದ ತೀರ ತುದಿಯಲ್ಲಿ, ಬಂಡೆಯ ಮರೆಯಿಂದ ಒಂದು ಕೈ ಮಾತ್ರ ಕಾಣುತ್ತದೆ, ಸುಕ್ಕುಗಟ್ಟಿದ ಕೈ. ಅದು ಅವನ ಅಜ್ಜಿಯದು ಎಂದು ನೀವೇ ಹೇಳಿದ್ದು. ಮಸಿ ಬಳಿಯುವಾಗ ಒಬ್ಬೊಬ್ಬರ ಹೆಸರೂ ಹೇಳುತ್ತಿದ್ದನಂತೆ. ಊರನ್ನು ಜರ್ಮನಿಯವರು ಸುಟ್ಟರು, ಚಿತ್ರದಲ್ಲಿರುವವರಲ್ಲಿ ಅರ್ಧ ಜನ ಈಗಿಲ್ಲ ಎಂದು ಹೋದ ವರ್ಷ ಅವನ ಕಾಗದ ಬಂದಾಗ ನೀವು ಊಟ ಬಿಟ್ಟು ಕೂತಿದ್ದಿರಿ. ಈಗ ಅಲ್ಲಿಯ ಹೊಸ ಅಧಿಕಾರಿಗಳಿಗೆ ಚಿತ್ರದಲ್ಲಿ ಗುದ್ದಲಿ ಹಿಡಿದು ನಗುವವರೇ ಬೇಕಂತೆ, ಅಜ್ಜಿಯ ಕೈ ಬೇಡವಂತೆ, ಅದಕ್ಕೂ ಜಗಳವಾಡಿ ಕೂತಿದ್ದಾನೆ ಎಂದು ಬರೆದಿದ್ದ. ಅಂಥವನ ಶಿಷ್ಯರು ನೀವು. ಅವನು ಸೆರೆಯಲ್ಲಿ ಕೂತು, ಸಾವಿರ ಹರದಾರಿ ದೂರದಿಂದ, ನೆನಪಿನಲ್ಲೇ ಒಬ್ಬರನ್ನೂ ಬಿಡಲಿಲ್ಲ. ನೀವು ಬಂಡೆಯ ಮೇಲೆ ಕೂತು, ಎದುರಿಗಿದ್ದ ಗುಡ್ಡನನ್ನು ಬಿಟ್ಟಿರಿ.

ಹಾಗಾಗಿ ಮಾರನೇ ದಿನ ನಾನು ಚಪ್ಪರಕ್ಕೆ ಹೋಗಿ ಬಾಗಿಲು ಹೊರಗೆ ತೆಗೆಸಿದೆ. ಹೊಸ ಉಳಿಗಳನ್ನು ನೀವು ಒಯ್ದಿದ್ದೀರಿ, ಯೋಷ್ಕೊನ ಛತ್ರಿ ಕಡ್ಡಿಯವು ಇಲ್ಲೇ ಇದ್ದವು. ಹೌದು, ನಾನೇ ಕೆತ್ತಿದೆ. ಕಾಗದ ಕೆಳಗಿಡಬೇಡಿ, ಓದಿ. ನಿಮ್ಮ ಆ ದೊಡ್ಡ ಕಪ್ಪಿನಲ್ಲಿ ಹದಿನಾರು ಜನರನ್ನೂ ನಿಲ್ಲಿಸಿದೆ. ಉಳಿ ಹೋದಲ್ಲಿ ಅಚ್ಚಿನಲ್ಲಿ ಬಿಳಿ ಬರುತ್ತದಲ್ಲ, ಹಾಗೆ ಸುತ್ತ ಬಿಳಿ ಗೆರೆ, ಒಳಗೆ ಮೈಯೆಲ್ಲ ಕಪ್ಪು, ಕತ್ತಲಿನಿಂದ ಎದ್ದು ಬರುವವರ ಹಾಗೆ. ಸಗಣಿ ಸಾರಿಸಿದ ನೆಲದ ಮೇಲೆ ಬಿಳಿ ಶೇಡಿಮಣ್ಣಿನಲ್ಲಿ ರಂಗೋಲಿ ಎಳೆದು ಬೆಳೆದವಳು ನಾನು, ಕಪ್ಪಿನ ಮೇಲೆ ಬಿಳಿ ಗೆರೆ ಎಳೆಯುವುದನ್ನು ಯಾರೂ ಕಲಿಸಬೇಕಾಗಿಲ್ಲ. ಕೈ ಸುಲಿದದ್ದರಿಂದ ಬಟ್ಟೆ ಸುತ್ತಿಕೊಂಡು ಕೆತ್ತಿದೆ. ಒಬ್ಬೊಬ್ಬರೇ ಬಂದು ಎದುರಿಗೆ ಕೂತರು. ಗುಡ್ಡ ಬಾಯಿ ಮುಚ್ಚಿ ಕೂರುತ್ತೇನೆ ಎಂದ, ಬೇಡ, ನಗು ಎಂದೆ. ಅಚ್ಚಿನಲ್ಲಿ ಎಡ ಬಲ ಅದಲುಬದಲಾಗುತ್ತದೆ ಎಂಬುದು ಸೀತುವಿನ ಹೊತ್ತಿಗೆ ಮರೆತೇ ಹೋಯಿತು, ಅವಳ ಮೂಗುತಿ ಆಚೆ ಬದಿಗೆ ಬಿದ್ದಿದೆ. ಅವಳಿಗೆ ಅದರ ಗೊಡವೆಯಿಲ್ಲ. ಹೊಟ್ಟೆ ಸರಿಯಾಗಿ ಬಂದಿದೆಯಾ ಎಂದಷ್ಟೇ ನೋಡಿದಳು. ಪಾಂಡುವಿನ ಮುಂದೆ ಕೊರಗನನ್ನು ತರುವುದು ನನ್ನಿಂದಾಗಲಿಲ್ಲ, ಅದು ನೀವು ಮಾಡಿದ ಪಾಪ, ನೀವೇ ಅನುಭವಿಸಿ.

ನಿನ್ನೆ ಇನ್ನೊಂದು ಪಂಚೆಗೆ ಅಚ್ಚು ತೆಗೆದು ತೋರಿಸಿದೆವು. ನಿಮ್ಮ ಎರಡನೇ ಒಳ್ಳೇ ಪಂಚೆ, ಹೌದು. ಚೆನ್ನಯ್ಯ ಪಾಲು ಹಾಕುವಾಗಿನ ಹಾಗೆ ಬೆರಳು ಮಡಚುತ್ತ ಒಬ್ಬೊಬ್ಬರನ್ನೇ ಹುಡುಕಿದ. "ಈಗ ಸಮ ಆಯ್ತ್" ಎಂದ. ಈವತ್ತು ಬೆಳಿಗ್ಗೆ ಅವರೇ ಹೊತ್ತು ಹಂಗಾರಕಟ್ಟೆಗೆ ಮುಟ್ಟಿಸಿದ್ದಾರೆ, ಮಂಜಯ್ಯ ನಾಡಿದ್ದು ಹಾಯಿ ಬಿಚ್ಚುತ್ತಾನೆ. ನಿಮ್ಮ ಸಮುದ್ರದ ಭಾರ ಕಡಿಮೆಯಾಯಿತೆಂದು ನನಗೆ ಉದ್ದ ಕಾಗದ ಬರೆಯಬೇಡಿ. ಬೇಕಿದ್ದರೆ ಪ್ರದರ್ಶನದಲ್ಲಿ ನಿಮ್ಮ ಒಬ್ಬರದ್ದೇ ಹೆಸರು ಹಾಕಿ, ನನಗೇನೂ ಇಲ್ಲ. ಅಲ್ಲ, ಇದೆ. ಆದರೆ ಈಗ ಅದನ್ನು ಬರೆಯುವಷ್ಟು ಜಾಗವಿಲ್ಲ.

ಕಷಾಯ ಕುಡಿಯಿರಿ. ರಾತ್ರಿ ಕಣ್ಣಿಗೆ ಕೆಲಸ ಕೊಡಬೇಡಿ. ಅತ್ತೆಯವರು ತಲೆ ಮುಟ್ಟಿ ಹರಸಿದ್ದೇನೆ ಎಂದು ಬರೆ ಎಂದರು. ಹಟ್ಟಿಗೆ ಹೊಸ ಬಾಗಿಲು ಯಾವಾಗ ಎಂದೂ ಬರೆ ಎಂದರು. ಯೋಷ್ಕೊನಿಗೆ ಕಾಗದ ಹಾಕುವಾಗ, ಅವನ ಅಜ್ಜಿಯ ಕೈಗೆ ನನ್ನದೊಂದು ನಮಸ್ಕಾರ ಸೇರಿಸಿ.

ನಿಮ್ಮ ದಾರಿ ಕಾಯುವ,
ಪದ್ಮಾಕ್ಷಿ

ತಾ.ಕ.: ಟಪ್ಪಾಲಿನವ ಅಂಗಳದಲ್ಲಿ ನಿಂತಿದ್ದಾನೆ, ಬೇಗ ಬರೆಯುತ್ತೇನೆ. ಹದಿನಾರು ಜನರನ್ನು ಕೆತ್ತಿ ಎದ್ದಾಗ ಚೆನ್ನಯ್ಯ, ನೀವೂ ಕೈ ಹಾಕಿದ್ದೀರಿ, ನೀವಿಲ್ಲದೆ ಸಮ ಆಗುವುದಿಲ್ಲ ಎಂದು ಹಟ ಹಿಡಿದ. ಆದ್ದರಿಂದ ಹಗ್ಗದ ತುದಿಯಲ್ಲಿ ಜಲಜಳ ಹಿಂದೆ ನಾನೂ ಇದ್ದೇನೆ. ನೀವು ಹಗ್ಗ ಹಿಡಿದವರಲ್ಲ, ಹಾಗಾಗಿ ನೀವಿಲ್ಲ. ನನ್ನ ಹಿಂದೆ ಒಬ್ಬರಷ್ಟು ಕಪ್ಪು ಹಾಗೇ ಬಿಟ್ಟಿದ್ದೇನೆ, ಪ್ರದರ್ಶನ ಮುಗಿದ ಕೂಡಲೇ ಬಂದು ಹಿಡಿಯಿರಿ. ಇನ್ನೊಂದು. ಆ ದಿನ ಕರೆಯಲ್ಲಿ ಜಲಜ ನನ್ನ ಮುಂದೆ ಇಟ್ಟದ್ದು ಒಂದು ಪಾಲಲ್ಲ, ಎರಡು. ನಾನು ಕಾರಿಕೊಂಡದ್ದನ್ನು ನೋಡಿಯೇ ಅವಳಿಗೆ ತಿಳಿದಿತ್ತು. ಇಡೀ ಪಡುಕರೆಗೆ ಗೊತ್ತಾಗಿದೆ, ಅತ್ತೆಯವರಿಗೆ ಇನ್ನೂ ಹೇಳಿಲ್ಲ, ನಿಮಗೇ ಮೊದಲು ಎಂದು. ಬಾಗಿಲಿನಲ್ಲಿ ನನ್ನ ನಡು ಸ್ವಲ್ಪ ದಪ್ಪಗೆ ಬಂದಿದೆ. ಕೈತಪ್ಪಿ ಕೆಟ್ಟದ್ದೆಂದು ಉಳಿ ಹಾಕಿ ಸಪೂರ ಮಾಡಲು ಹೋಗಬೇಡಿ.